ಕೊನೆಯ ಡಬ್ಬಿಯ ಎರಡು ಗಂಟೆ

ಡೊಂಬಿವಲಿಯಲ್ಲಿ ಲೋಕಲ್ ರೈಲಿಗೆ ಬೇರೆ ಹೆಸರು ಬೇಕಿಲ್ಲ, ಹೊತ್ತೇ ಹೆಸರು. "ಎಂಟು ಹನ್ನೆರಡು ಸಿಕ್ಕಿತಾ?" "ಇಲ್ಲ ಮಾರಾಯ, ಎಂಟು ಇಪ್ಪತ್ತಕ್ಕೆ ನೇತಾಡಿಕೊಂಡು ಬಂದೆ." ಉಡುಪಿ, ಕುಂದಾಪುರದಿಂದ ಬಂದ ನಮ್ಮ ಹುಡುಗರೂ ಮೂರೇ ತಿಂಗಳಲ್ಲಿ ಈ ವ್ಯಾಕರಣ ಕಲಿತುಬಿಡುತ್ತಾರೆ. ಅಲ್ಲಿ ಬಸ್ಸು ಹೋದರೆ ಇನ್ನೊಂದು ಬಸ್ಸು. ಇಲ್ಲಿ ಒಂದು ನಿಮಿಷ ಹೋದರೆ ಬೆಳಗೇ ಹೋಯಿತು.

ಕಾಲದ ಹರಿವನ್ನು ಕಾಯುವ ಗುಪ್ತ ಪಂಥದ ಕಥೆಗಳೆಂದರೆ ನನ್ನ ಮೊಮ್ಮಗನಿಗೆ ಹುಚ್ಚು. ನಿಲುವಂಗಿ ತೊಟ್ಟವರು ಕೈಯಲ್ಲೊಂದು ಗಡಿಯಾರ ಹಿಡಿದು ಲೋಕವನ್ನು ಉಳಿಸುತ್ತಾರಂತೆ. ಅಂಥವರೊಬ್ಬರನ್ನು ತೋರಿಸುತ್ತೇನೆ ಬಾ ಎಂದು ಒಂದು ಭಾನುವಾರ ಪ್ಲಾಟ್‌ಫಾರ್ಮಿನ ಕಲ್ಯಾಣದ ಕಡೆಯ ತುದಿಗೆ ಕರೆದುಕೊಂಡು ಹೋದೆ. ಮುಂಬಯಿಗೆ ಹೋಗುವ ಗಾಡಿಯ ಬಾಲ ಬಂದು ನಿಲ್ಲುವುದು ಅಲ್ಲೇ. ಬಿಳಿ ಸಮವಸ್ತ್ರದ ಗಾರ್ಡ್ ಕ್ಯಾಬಿನಿನ ಬಾಗಿಲಲ್ಲಿ ನಿಂತು ಪ್ಲಾಟ್‌ಫಾರ್ಮಿನ ಉದ್ದಕ್ಕೂ ನೋಡಿದರು. ಹನ್ನೆರಡು ಡಬ್ಬಿ. ಒಬ್ಬ ಓಡಿ ಬಂದು ಹತ್ತಿದ, ಇನ್ನೊಬ್ಬನ ಚೀಲ ಹೊರಗೇ ಸಿಕ್ಕಿಕೊಂಡಿತ್ತು, ಯಾರೋ ಒಳಗೆ ಎಳೆದರು. ಆಮೇಲೆ ಎರಡು ಗಂಟೆ. ಮುಂದಿನ ತುದಿಯಿಂದ ಮೋಟರ್‌ಮನ್ ಮರುಗಂಟೆ ಕೊಟ್ಟದ್ದೇ ಗಾಡಿ ಜರುಗಿತು. ಇಷ್ಟಕ್ಕೆ ಅರ್ಧ ನಿಮಿಷವೂ ಹಿಡಿಯಲಿಲ್ಲ.

"ಎರಡು ಗಂಟೆ ಅಂದರೆ ನೂರಿಪ್ಪತ್ತು ನಿಮಿಷ ಅಲ್ವಾ ಅಜ್ಜ?"

ಬಾರಿಸುವ ಗಂಟೆಗೂ ಎಣಿಸುವ ಗಂಟೆಗೂ ಕನ್ನಡದಲ್ಲಿ ಒಂದೇ ಮಾತು. ಗಾರ್ಡಿನ ಗಂಟೆಯ ಲೆಕ್ಕ ಮಾತ್ರ ಬಹಳ ಸರಳ: ಎರಡು ಕೊಟ್ಟರೆ ಹೊರಡು, ಒಂದು ಕೊಟ್ಟರೆ ನಿಲ್ಲಿಸು. ಗಾಡಿ ಓಡಿಸುವವನು ಮುಂದಿದ್ದರೂ ಹೊರಡುವ ಅಪ್ಪಣೆ ಹಿಂದಿನಿಂದಲೇ ಬರಬೇಕು. ಕೆಂಪು ಹಸಿರು ಬಾವುಟ, ಸೀಟಿ, ಕೈದೀಪ, ಗಡಿಯಾರ, ಯಾವ ನಿಲ್ದಾಣಕ್ಕೆ ಎಷ್ಟು ಹೊತ್ತಿಗೆ ಬಂತು ಎಂದು ಬರೆಯುವ ಜರ್ನಲ್, ಇವು ಅವರ ಆಯುಧಗಳು. ನಡುದಾರಿಯಲ್ಲಿ ಗಾಡಿ ಕೆಟ್ಟು ನಿಂತರೆ ಹಿಂದಿನಿಂದ ಬರುವ ಗಾಡಿಗೆ ಎಚ್ಚರ ಕೊಡುವುದೂ ಅವರ ಕೆಲಸವೇ. ಗಾರ್ಡ್ ಎಂಬ ಹೆಸರು ಈ ಕಾವಲಿಗೆ ಒಪ್ಪುತ್ತದೆ. 2022ರ ಜನವರಿಯಲ್ಲಿ ರೈಲ್ವೆ ಆ ಹೆಸರನ್ನು 'ಟ್ರೇನ್ ಮ್ಯಾನೇಜರ್' ಎಂದು ಬದಲಿಸಿತು. ಹುದ್ದೆಗೆ ಗೌರವ ಬಂತೆಂದು ಅವರಿಗೆ ಖುಷಿ ಇರಬಹುದು. ನನಗೇನೋ ಕಾವಲುಗಾರನಿಗೆ ಟೈ ಕಟ್ಟಿದಂತೆ ಕಂಡಿತು. ಪ್ಲಾಟ್‌ಫಾರ್ಮಿನಲ್ಲಿ ಇವತ್ತಿಗೂ ಎಲ್ಲರ ಬಾಯಲ್ಲಿ ಗಾರ್ಡ್ ಸಾಹೇಬರೇ.

ಈ ಕಾವಲು ಶುರುವಾದದ್ದೂ ಇದೇ ದಾರಿಯಲ್ಲಿ. 1853ರ ಏಪ್ರಿಲ್ 16ರ ಮಧ್ಯಾಹ್ನ 3.35ಕ್ಕೆ ಮುಂಬಯಿಯ ಬೋರಿಬಂದರಿನಿಂದ ಥಾಣೆಗೆ ದೇಶದ ಮೊದಲ ಪ್ರಯಾಣಿಕರ ರೈಲು ಹೊರಟಿತು. ದೂರ 34 ಕಿಲೋಮೀಟರ್. ಮರುವರ್ಷ ಹಳಿ ಕಲ್ಯಾಣ ಮುಟ್ಟಿತು. (ನಮ್ಮ ಬಸವಣ್ಣನ ಕಲ್ಯಾಣವಲ್ಲ, ಊರಿನಿಂದ ಬರುವ ನೆಂಟರಿಗೆ ಪ್ರತಿಸಲವೂ ಇದನ್ನು ಬಿಡಿಸಿ ಹೇಳಬೇಕು.) 3.35 ಎಂದೆನಲ್ಲ, ಅದು ಯಾರ 3.35? ಆಗ ಮುಂಬಯಿಗೆ ತನ್ನದೇ ಹೊತ್ತಿತ್ತು, ಮದ್ರಾಸಿಗೆ ತನ್ನದು, ಎರಡಕ್ಕೂ ಅರ್ಧ ಗಂಟೆಯಷ್ಟು ವ್ಯತ್ಯಾಸ. ಮುಂದೆ ರೈಲ್ವೆಯವರು ಮದ್ರಾಸಿನ ಹೊತ್ತನ್ನು ಹಿಡಿದರು. 1906ರ ಜನವರಿ 1ರಂದು ಇಡೀ ದೇಶಕ್ಕೆ ಒಂದೇ ಹೊತ್ತು ಬಂದಾಗ ಮುಂಬಯಿ ಪಾಲಿಕೆ ಒಪ್ಪಲಿಲ್ಲ. ಅದರ ಗಡಿಯಾರಗಳು 39 ನಿಮಿಷ ಹಿಂದೆಯೇ ಉಳಿದವು, ಅದೂ ಸ್ವಾತಂತ್ರ್ಯ ಬಂದ ಮೇಲೂ, 1955ರವರೆಗೆ! ಥಾಣೆಯಲ್ಲಿ ರೈಲು ಹತ್ತಿದವನು ಬೋರಿಬಂದರಿನಲ್ಲಿ ಇಳಿದು ಪಾಲಿಕೆಯ ಗಡಿಯಾರ ನೋಡಿದರೆ, ತಾನು ಹೊರಟು ಇನ್ನೂ ಹೆಚ್ಚು ಹೊತ್ತೇ ಆಗಿಲ್ಲವಲ್ಲ ಎಂದುಕೊಳ್ಳಬೇಕು. ಮೊಮ್ಮಗನ ಕಥೆಗಳಲ್ಲೂ ಇಂಥ ಪವಾಡವಿಲ್ಲ.

ಆ ಮುಂಬಯಿಯ ಹೊತ್ತನ್ನು ಅಳೆಯುತ್ತಿದ್ದವರ ವಂಶ ಈಗ ನವಿಮುಂಬಯಿಯ ಕಡೆಗೆ ಬಂದು ಕೂತಿದೆ. ಹಡಗುಗಳಿಗೆ ಸರಿಯಾದ ಹೊತ್ತು ತಿಳಿಸಲೆಂದು ಈಸ್ಟ್ ಇಂಡಿಯಾ ಕಂಪನಿ 1826ರಲ್ಲಿ ಕೊಲಾಬಾದಲ್ಲಿ ವೀಕ್ಷಣಾಲಯ ಕಟ್ಟಿತು. ಅಲ್ಲಿ ಆಮೇಲೆ ಭೂಮಿಯ ಕಾಂತಶಕ್ತಿಯನ್ನೂ ಅಳೆಯತೊಡಗಿದರು. ನಗರಕ್ಕೆ ವಿದ್ಯುತ್ ಟ್ರಾಮ್ ಬರುತ್ತದೆಂದಾಗ ಸೂಜಿ ಅಲ್ಲಾಡೀತೆಂದು ಆ ಕೆಲಸವನ್ನು 1904ರಲ್ಲಿ ಅಲಿಬಾಗಿಗೆ ಸಾಗಿಸಿದರು. ಆ ಪರಂಪರೆಯ ಭಾರತೀಯ ಭೂಕಾಂತತ್ವ ಸಂಸ್ಥೆ ಇಂದು ನವ ಪನ್ವೇಲಿನಲ್ಲಿದೆ. ಟ್ರಾಮಿಗೆ ಹೆದರಿ ಊರು ಬಿಟ್ಟ ವಿದ್ಯೆಯ ಮನೆತನ ಕೊನೆಗೆ ಲೋಕಲ್ ರೈಲಿನ ನೆರೆಗೇ ಬಂದು ನೆಲೆಸಿತು ನೋಡಿ.

ಗಾರ್ಡಿನ ಗಡಿಯಾರವನ್ನು ಕೆಡಿಸುವವರು ಬೇಕಾದಷ್ಟಿದ್ದಾರೆ. ಜುಲೈಯ ಮಳೆ, ಸುಮ್ಮನೆ ಸರಪಳಿ ಎಳೆಯುವವರು, ವರ್ಷಗಟ್ಟಲೆ ಕಾಟ ಕೊಟ್ಟ ದಿವಾ ನಿಲ್ದಾಣದ ಫಾಟಕ. ರಸ್ತೆಯ ಗೇಟು ಮುಚ್ಚದೆ ರೈಲಿಗೆ ಸಿಗ್ನಲ್ ಬೀಳುವುದಿಲ್ಲ. ಒಂದು ರಿಕ್ಷಾ ನಡುವೆ ನುಗ್ಗಿದರೆ ಹಿಂದಿನ ಗಾಡಿಗಳೆಲ್ಲ ಸಾಲುಗಟ್ಟಿ ನಿಲ್ಲುತ್ತವೆ. ಹಾಗೆ ಕಳೆದುಕೊಂಡ ನಿಮಿಷವನ್ನು ಮುಂದಿನ ನಿಲ್ದಾಣದಲ್ಲಿ ಬೇಗ ಗಂಟೆ ಕೊಟ್ಟು ಗಳಿಸಿಕೊಳ್ಳೋಣವೆಂದರೆ ಬಾಗಿಲಲ್ಲಿ ಜನ. 2025ರ ಜೂನ್ 9ರಂದು ಮುಂಬ್ರಾದ ಬಳಿಯ ತಿರುವಿನಲ್ಲಿ ತುಂಬಿದ ಲೋಕಲ್‌ಗಳ ಬಾಗಿಲಿಗೆ ಜೋತುಬಿದ್ದಿದ್ದವರು ಕಳಚಿ ಬಿದ್ದು ಸತ್ತರು. ಅಂದಿನಿಂದ ಎಂಟು ಇಪ್ಪತ್ತರ ಬಾಗಿಲಲ್ಲಿ ನೇತಾಡುವವರ ಮಾತು ಕೇಳಿ ನನಗೆ ನಗು ಬರುವುದಿಲ್ಲ. 2020ರ ಜನವರಿಯಲ್ಲಿ ಥಾಣೆ–ಪನ್ವೇಲ್ ದಾರಿಗೆ ಎಸಿ ಲೋಕಲ್ ಬಂತು. ಅಂಥ ಗಾಡಿಗಳಲ್ಲಿ ಬಾಗಿಲು ಮುಚ್ಚುವ ಗುಂಡಿಯೂ ಗಾರ್ಡಿನ ಕೈಯಲ್ಲೇ ಇದೆ. ಬಾಗಿಲೆಲ್ಲ ಮುಚ್ಚದೆ ಗಾಡಿ ಅಲ್ಲಾಡದು. ಅಲ್ಲೂ ಒಂದು ಕಾಲು ಹೊರಗಿಟ್ಟು ಗೆಳೆಯನಿಗಾಗಿ ಬಾಗಿಲು ತಡೆಯುವವರಿದ್ದಾರೆ ಅನ್ನಿ.

ಆ ಭಾನುವಾರ ಅಲ್ಲಿಂದ ನಾವು ನಡುವಿನ ಒಂದೇ ನಿಲ್ದಾಣ, ಠಾಕುರ್ಲಿ ದಾಟಿ ಕಲ್ಯಾಣಕ್ಕೆ ಹೋದೆವು. ಹುಡುಗ ಹಟ ಹಿಡಿದು ಕೊನೆಯ ಡಬ್ಬಿಗೇ ಹತ್ತಿದ್ದ. ಇಳಿದು ನೋಡಿದರೆ ಗಾರ್ಡ್ ಕ್ಯಾಬಿನಿನಲ್ಲಿ ಬಗ್ಗಿ ಜರ್ನಲಿನಲ್ಲಿ ಏನೋ ಬರೆಯುತ್ತಿದ್ದರು.

"ಕಿತೀ ಲೇಟ್, ಕಾಕಾ?" ಎಂದು ಮರಾಠಿಯಲ್ಲಿ ಕೇಳಿಯೇ ಬಿಟ್ಟ.

ಅವರು ತಲೆ ಎತ್ತದೆ ಎಡಗೈಯ ಎರಡು ಬೆರಳು ತೋರಿಸಿದರು.