ಸೋಲದ ತಂಡಕ್ಕೆ ಬಾರದ ಕರೆ

ಅಮೆರಿಕದವರು ‘ಫುಟ್‌ಬಾಲ್’ ಎಂದು ಕರೆಯುವ ಆಟವು ನಮ್ಮ ಮಕ್ಕಳು ಶಾಲೆಯ ಬಯಲಿನಲ್ಲಿ ಆಡುವ ಕಾಲ್ಚೆಂಡಾಟವಲ್ಲ. ಅಲ್ಲಿಯ ಚೆಂಡಿಗೆ ಎರಡು ತುದಿಗಳೂ ಚೂಪು. ಅದನ್ನು ಒದೆಯುವುದಕ್ಕಿಂತ ಕೈಯಲ್ಲಿ ಹಿಡಿದು ಓಡುವುದೂ ಎಸೆಯುವುದೂ ಹೆಚ್ಚು. ಪಕ್ಷವೊಂದಕ್ಕೆ 11 ಮಂದಿ. ಅಂಕಣದ ಉದ್ದ 100 ಗಜ. ಚೆಂಡನ್ನು ಪಡೆದ ಪಕ್ಷವು 4 ಯತ್ನಗಳೊಳಗೆ 10 ಗಜ ಮುಂದೆ ಸಾಗಿದರೆ ಮತ್ತೆ 4 ಯತ್ನಗಳು ದೊರೆಯುತ್ತವೆ; ಸಾಗದಿದ್ದರೆ ಚೆಂಡು ಎದುರಾಳಿಗಳ ಪಾಲು. ಹೀಗೆ ಮುಂದುವರಿದು ಎದುರಾಳಿಗಳ ಕೊನೆಯ ಗೆರೆಯನ್ನು ದಾಟಿದರೆ 6 ಅಂಕ. ಓಡುವವನ ಮೈಮೇಲೆ ಬಿದ್ದು ಅವನನ್ನು ಕೆಡಹುವುದು ಈ ಆಟದಲ್ಲಿ ನ್ಯಾಯವೇ ಆದುದರಿಂದ ಆಟಗಾರರು ತಲೆಗೆ ಶಿರಸ್ತ್ರಾಣ, ಹೆಗಲಿಗೆ ಮೆತ್ತೆಗಳನ್ನು ಧರಿಸಿ ಇಳಿಯುತ್ತಾರೆ. ನೋಡುವವರಿಗೆ ಇದು ಆಟವೋ ಮಲ್ಲಯುದ್ಧವೋ ಎಂಬ ಸಂಶಯ ಹುಟ್ಟಿದರೆ ತಪ್ಪಲ್ಲ.

ಆ ದೇಶದಲ್ಲಿ ಕಾಲೇಜು ತಂಡಗಳ ಪಂದ್ಯಗಳೆಂದರೆ ಊರಿಗೆ ಊರೇ ನೆರೆಯುವ ಸಂಭ್ರಮ. ಆಗ ಸೆಪ್ಟೆಂಬರಿನಿಂದ ನವೆಂಬರಿನವರೆಗೆ ಪಂದ್ಯಗಳು ನಡೆದ ಬಳಿಕ, ಹೊಸವರ್ಷದ ಸುಮಾರಿಗೆ ಕೆಲವು ನಗರಗಳು ತಮಗೆ ಬೇಕಾದ ಉತ್ತಮ ತಂಡಗಳನ್ನು ಕರೆದು ವಿಶೇಷ ಪಂದ್ಯಗಳನ್ನು ಏರ್ಪಡಿಸುತ್ತಿದ್ದವು. ಇವಕ್ಕೆ ‘ಬೌಲ್’ ಪಂದ್ಯಗಳೆಂದು ಹೆಸರು. ಮಯಾಮಿಯಲ್ಲಿ ಆರೆಂಜ್ ಬೌಲ್, ನ್ಯೂ ಆರ್ಲಿಯನ್ಸಿನಲ್ಲಿ ಶುಗರ್ ಬೌಲ್, ಕ್ಯಾಲಿಫೋರ್ನಿಯದ ಪಸಡೀನದಲ್ಲಿ ರೋಸ್ ಬೌಲ್. ಕರೆ ಬಂದ ಕಾಲೇಜಿಗೆ ಕೀರ್ತಿಯೊಡನೆ ಪ್ರವೇಶಧನದ ದೊಡ್ಡ ಪಾಲೂ ಸಲ್ಲುತ್ತಿತ್ತು.

ಈ ಹಣದ ಅಗತ್ಯ 1951ರಲ್ಲಿ ಸಾನ್‌ಫ್ರಾನ್ಸಿಸ್ಕೋ ವಿಶ್ವವಿದ್ಯಾಲಯಕ್ಕಿದ್ದಷ್ಟು ಬೇರೆ ಯಾರಿಗೂ ಇದ್ದಿರಲಾರದು. ಜೆಸುಯಿಟ್ ಪಾದ್ರಿಗಳು 1855ರಲ್ಲಿ ಸ್ಥಾಪಿಸಿದ ಈ ಸಣ್ಣ ಸಂಸ್ಥೆಗೆ ಫುಟ್‌ಬಾಲ್ ತಂಡವನ್ನು ಸಾಕುವುದೇ ಭಾರವಾಗಿತ್ತು. ವಿದ್ಯಾಸಂಸ್ಥೆಗಳ ಜಮಾಖರ್ಚನ್ನು ನೋಡಿಕೊಂಡವರಿಗೆ ಈ ಸಂಕಟವನ್ನು ಬಿಡಿಸಿ ಹೇಳಬೇಕಾಗಿಲ್ಲ. ಆದರೆ ಆ ವರ್ಷ ತರಬೇತುದಾರ ಜೋ ಕುಹಾರಿಕ್ ಕಟ್ಟಿದ ತಂಡವು ಅಸಾಧಾರಣವಾದುದು. ಎರಡನೆಯ ಮಹಾಯುದ್ಧದಲ್ಲಿ ಯೂರೋಪಿನಲ್ಲಿ ಕಾದಾಡಿ ಮರಳಿದ್ದ ಜೀನೋ ಮಾರ್ಕೆಟಿ, ಆರೂಮುಕ್ಕಾಲು ಅಡಿ ಎತ್ತರದ ಬಾಬ್ ಸೇಂಟ್ ಕ್ಲೇರ್, ಮಿಂಚಿನ ಓಟಗಾರ ಆಲಿ ಮ್ಯಾಟ್ಸನ್, ಎದುರಾಳಿಗಳನ್ನು ತಡೆಯುವುದರಲ್ಲಿ ಗಟ್ಟಿಗನಾದ ಬರ್ಲ್ ಟೋಲರ್ ಇವರೆಲ್ಲ ಅದರಲ್ಲಿದ್ದರು. ಇವರ ಸುದ್ದಿಯನ್ನು ಪತ್ರಿಕೆಗಳಿಗೆ ಮುಟ್ಟಿಸುತ್ತಿದ್ದ ತರುಣ ಪೀಟ್ ರೊಝೆಲ್. ಮುಂದೆ 1960ರಲ್ಲಿ ವೃತ್ತಿಪರ ಫುಟ್‌ಬಾಲ್ ಸಂಘದ ಮುಖ್ಯಾಧಿಕಾರಿಯಾದವನು ಈತನೇ.

ತಂಡವು 9 ಪಂದ್ಯಗಳನ್ನಾಡಿ ಒಂಬತ್ತನ್ನೂ ಗೆದ್ದಿತು. ನ್ಯೂಯಾರ್ಕಿಗೆ ಹೋಗಿ ಫೋರ್ಡಮ್ ತಂಡವನ್ನು 32-26ರಿಂದ ಸೋಲಿಸಿದ ಪಂದ್ಯವೊಂದೇ ಸ್ವಲ್ಪ ಬಿಗಿಯಾಗಿತ್ತು. ಕಾಲೇಜ್ ಆಫ್ ಪೆಸಿಫಿಕ್ ತಂಡವನ್ನು 47-14ರಿಂದ ಸದೆಬಡಿದು, ಕೊನೆಗೆ ಲೊಯೋಲ ತಂಡವನ್ನು 20-2ರಿಂದ ಗೆದ್ದಿತು. ಆ ಋತುವಿನಲ್ಲಿ ಮ್ಯಾಟ್ಸನ್ ಚೆಂಡು ಹಿಡಿದು ಓಡಿದ ದೂರ 1,566 ಗಜ; ಇಡೀ ದೇಶದ ಕಾಲೇಜು ಆಟಗಾರರಲ್ಲಿ ಅದೇ ಎಲ್ಲಕ್ಕಿಂತ ಹೆಚ್ಚು.

ಇಷ್ಟಾದರೂ ಬೌಲ್ ಪಂದ್ಯಕ್ಕೆ ಕರೆ ಬರಲಿಲ್ಲ. ರೋಸ್ ಬೌಲಿನ ಬಾಗಿಲು ಮೊದಲೇ ಮುಚ್ಚಿತ್ತು. ಅದು ಎರಡು ದೊಡ್ಡ ಕಾಲೇಜು ಕೂಟಗಳಿಗೆ ಮೀಸಲಾಗಿದ್ದಿತು. ಉಳಿದ ಮುಖ್ಯ ಬೌಲ್‌ಗಳು ದಕ್ಷಿಣದ ರಾಜ್ಯಗಳಲ್ಲಿ. ಅಲ್ಲಿ ಕಪ್ಪು ಜನಾಂಗದವರಿಗೆ ಶಾಲೆ, ರೈಲು, ಊಟದ ಮನೆ ಎಲ್ಲವೂ ಪ್ರತ್ಯೇಕ. ಮ್ಯಾಟ್ಸನ್ ಮತ್ತು ಟೋಲರ್ ಇಬ್ಬರೂ ಆ ಜನಾಂಗದವರು. ಆ ಕಾಲದ ದ್ವೇಷವು ಎಂಥದೆಂಬುದಕ್ಕೆ ಅದೇ 1951ರ ಅಕ್ಟೋಬರಿನಲ್ಲಿ ಓಕ್ಲಹೋಮದಲ್ಲಿ ನಡೆದ ಘಟನೆಯೇ ಸಾಕು. ಡ್ರೇಕ್ ವಿಶ್ವವಿದ್ಯಾಲಯದ ಕಪ್ಪು ಆಟಗಾರ ಜಾನಿ ಬ್ರೈಟ್ ಚೆಂಡನ್ನು ಬೇರೊಬ್ಬನಿಗೆ ಕೊಟ್ಟು ಸುಮ್ಮನೆ ನಿಂತಿದ್ದಾಗ, ಎದುರಾಳಿಯೊಬ್ಬನು ಹೊಡೆದು ಅವನ ದವಡೆಯನ್ನೇ ಮುರಿದನು.

ಆ ಇಬ್ಬರನ್ನು ಬಿಟ್ಟು ಬರುವುದಾದರೆ ಕರೆ ಬರುತ್ತದೆಂದು ತಮಗೆ ಸೂಚನೆ ದೊರೆತಿತೆಂದೂ, ಅದನ್ನು ಚರ್ಚಿಸುವ ಪ್ರಮೇಯವೇ ಬರಲಿಲ್ಲವೆಂದೂ ತಂಡದವರು ಮುಂದೆ ಹಲವು ಸಲ ಹೇಳಿದ್ದಾರೆ. ಹೋದರೆ ಎಲ್ಲರೂ, ಇಲ್ಲದಿದ್ದರೆ ಯಾರೂ ಇಲ್ಲ ಎಂಬುದೇ ಅವರ ಉತ್ತರ. ಇವರ ಎದುರಾಳಿಗಳು ದುರ್ಬಲರಾಗಿದ್ದುದರಿಂದ ಕರೆ ಬರಲಿಲ್ಲವೆಂದು ವಾದಿಸಿದವರೂ ಉಂಟು. ಈ ಮಾತು ಪೂರ್ಣ ಸುಳ್ಳಲ್ಲ. ಅವರಾಡಿದ ಪಂದ್ಯಗಳಲ್ಲಿ ಎರಡು ಸೈನಿಕ ಶಿಬಿರಗಳ ತಂಡಗಳ ಮೇಲೆ. ಆದರೆ ಇವರಿಂದ 33 ಅಂಕಗಳ ಅಂತರದಲ್ಲಿ ಸೋತ ಪೆಸಿಫಿಕ್ ತಂಡಕ್ಕೆ ಟೆಕ್ಸಾಸಿನ ಸನ್ ಬೌಲಿಗೆ ಕರೆ ಬಂದಿತೆಂಬುದನ್ನು ನೆನೆದರೆ ಆ ವಾದಕ್ಕೆ ಬಲ ಸಾಲದು.

ಬಾರದ ಹಣದ ಫಲವನ್ನು ಸಂಸ್ಥೆಯು ಕೂಡಲೇ ಉಂಡಿತು. ಆ ಋತುವು ಮುಗಿಯುತ್ತಲೇ ವಿಶ್ವವಿದ್ಯಾಲಯವು ತನ್ನ ಫುಟ್‌ಬಾಲ್ ತಂಡವನ್ನು ವಿಸರ್ಜಿಸಿತು. ಮುಂದೆ ಕಿರಿಯ ಮಟ್ಟದಲ್ಲಿ ಕೆಲವು ಕಾಲ ಆಟ ನಡೆದರೂ ಆ ಹಿಂದಿನ ಸ್ಥಾನ ಮರಳಲಿಲ್ಲ. ತಾವು ಬಿಟ್ಟುಕೊಟ್ಟದ್ದು ಎಷ್ಟೆಂಬುದು ಆ ಹುಡುಗರಿಗೆ ಒಂದೆರಡು ತಿಂಗಳಲ್ಲಿಯೇ ತಿಳಿದಿರಬೇಕು.

ಮ್ಯಾಟ್ಸನ್ 1952ರ ಹೆಲ್ಸಿಂಕಿ ಒಲಿಂಪಿಕ್ಸಿನಲ್ಲಿ 400 ಮೀಟರ್ ಓಟದಲ್ಲಿ ಕಂಚಿನ ಪದಕವನ್ನೂ, ತಂಡದ ಓಟದಲ್ಲಿ ಬೆಳ್ಳಿಯನ್ನೂ ಗಳಿಸಿದನು. ಅವನೂ ಮಾರ್ಕೆಟಿಯೂ ಸೇಂಟ್ ಕ್ಲೇರನೂ ವೃತ್ತಿಪರ ಆಟದಲ್ಲಿ ಮೆರೆದು ಅದರ ಕೀರ್ತಿಭವನವನ್ನು ಸೇರಿದರು. ಒಂದೇ ಕಾಲೇಜು ತಂಡದಿಂದ ಮೂವರು! ಟೋಲರನಿಗೆ ಆ ಯೋಗವಿರಲಿಲ್ಲ. 1952ರಲ್ಲಿ ಪ್ರದರ್ಶನ ಪಂದ್ಯವೊಂದರಲ್ಲಿ ಮೊಣಕಾಲಿಗೆ ಪೆಟ್ಟಾಗಿ ಅವನ ಆಟವೇ ಮುಗಿಯಿತು. ಅವನು ಉಪಾಧ್ಯಾಯನಾದನು. 1965ರಲ್ಲಿ ವೃತ್ತಿಪರ ಫುಟ್‌ಬಾಲಿನ ಪಂದ್ಯಾಧಿಕಾರಿಯಾಗಿ, ಕಪ್ಪು ಜನಾಂಗದಿಂದ ಆ ಹುದ್ದೆಗೇರಿದವರಲ್ಲಿ ಮೊದಲಿಗನೆನಿಸಿದನು. ವಾರದ ದಿನಗಳಲ್ಲಿ ಮಾತ್ರ ಸಾನ್‌ಫ್ರಾನ್ಸಿಸ್ಕೋದ ಬೆಂಜಮಿನ್ ಫ್ರಾಂಕ್ಲಿನ್ ಶಾಲೆ ಅವನನ್ನು ಬಿಡಲಿಲ್ಲ. ಅಲ್ಲಿ ಅವನು ಮುಖ್ಯೋಪಾಧ್ಯಾಯನಾಗಿದ್ದನು. ಅವನು ಬದುಕಿದ್ದಾಗಲೇ, 2006ರಲ್ಲಿ, ಆ ಶಾಲೆಯ ಆವರಣಕ್ಕೆ ಅವನ ಹೆಸರನ್ನಿಟ್ಟರು.