ಮೂರು ಹಳಿಯ ಊರಿನ ಒಡತಿ

ಸ್ವಿಟ್ಜರ್ಲೆಂಡಿನ ಪೂರ್ವ ಭಾಗದ ಗ್ರೌಬ್ಯುಂಡೆನ್ ಕ್ಯಾಂಟನ್‌ನಲ್ಲಿ ಓಡುವ ಕೆಂಪು ರೈಲುಗಳದ್ದು ಮೀಟರ್ ಗೇಜ್. ನಮ್ಮಲ್ಲಿ ಹೆಚ್ಚುಕಡಿಮೆ ಮಾಯವಾಗಿರುವ ಆ ಹಳಿಯ ಮೇಲೆ ಕೂತು ಕೂರ್ ನಗರದಿಂದ ಹೊರಟರೆ ಮೊದಲು ಫೆಲ್ಸ್‌ಬೆರ್ಗ್, ಆಮೇಲೆ ಡೊಮಾಟ್-ಎಮ್ಸ್, ಅದರ ಬೆನ್ನಿಗೇ ‘ಎಮ್ಸ್ ವೆರ್ಕ್’ ಎಂಬ ಪುಟ್ಟ ನಿಲ್ದಾಣ. ಎಮ್ಸ್ ವೆರ್ಕ್ ಅಂದರೆ ಎಮ್ಸ್ ಕಾರ್ಖಾನೆ. ಪ್ರವಾಸಿಗರು ಯಾರೂ ಅಲ್ಲಿ ಇಳಿಯುವುದಿಲ್ಲ. ಜ್ಯೂರಿಕ್‌ನಲ್ಲಿ ಕೆಲಸ ಮಾಡುವ ನನ್ನ ತಮ್ಮನ ಮಗಳೂ ಅನುಮಾನಿಸಿದಳು. “ದೊಡ್ಡಪ್ಪ, ಇಲ್ಲಿ ಕಾರ್ಖಾನೆ ಬಿಟ್ಟರೆ ಏನೂ ಇಲ್ಲ, ನಿಜವಾಗ್ಲೂ ಇಳೀಬೇಕಾ?” “ಕಾರ್ಖಾನೆ ನೋಡೋಕೇ ಬಂದಿದ್ದು ಕಣಮ್ಮ” ಎಂದೆ.

ಇಳಿದದ್ದೇ ಕಣ್ಣಿಗೆ ಬಿದ್ದದ್ದು ಹಳಿ. ಎರಡಲ್ಲ, ಮೂರು. ಒಂದು ಹಳಿ ಎರಡು ಗೇಜ್‌ಗಳಿಗೂ ಸಮಾನ. ಉಳಿದ ಎರಡರಲ್ಲಿ ಹತ್ತಿರದ್ದು ಮೀಟರ್ ಗೇಜ್‌ಗೆ, ಆಚೆಯದು 1,435 ಮಿಲಿಮೀಟರ್ ಅಗಲದ ದೊಡ್ಡ ಗಾಡಿಗಳಿಗೆ. ಕೂರ್‌ನಿಂದ ಇಲ್ಲಿಯವರೆಗೆ ಮಾತ್ರ ಈ ಮೂರನೇ ಹಳಿ ಬಂದಿದೆ. ದೇಶದ ಮುಖ್ಯ ರೈಲುಮಾರ್ಗದ ಗೂಡ್ಸ್ ವ್ಯಾಗನ್‌ಗಳು ಸರಕು ಇಳಿಸಿ ಮತ್ತೆ ತುಂಬುವ ರಗಳೆಯಿಲ್ಲದೆ ನೇರ ಕಾರ್ಖಾನೆಯ ಅಂಗಳಕ್ಕೆ ನುಗ್ಗಲಿ ಎಂಬುದೇ ಅದರ ಉದ್ದೇಶ. ಒಂದು ಉದ್ದಿಮೆಗೆ ಆ ಕಣಿವೆಯಲ್ಲಿ ಎಷ್ಟು ತೂಕವಿದೆ ಎಂದು ತಿಳಿಯಲು ಆ ಒಂದು ಉಕ್ಕಿನ ಪಟ್ಟಿ ಸಾಕು.

ಈ ಊರಿನ ಗುಂಗು ನನಗೆ ಹತ್ತಿದ್ದು ಕನ್ನಡಕದಿಂದ. ನಮ್ಮ ಊರುಗಳ ಕನ್ನಡಕದಂಗಡಿಗಳಲ್ಲಿ ‘ಟಿಆರ್ 90’ ಫ್ರೇಮ್ ಎಂದು ಕೊಡುತ್ತಾರಲ್ಲ, ಹಗುರ, ಬಗ್ಗಿಸಿದರೂ ಮುರಿಯದ್ದು, ಕಿವಿಯ ಕಡ್ಡಿಯ ಒಳಬದಿಯಲ್ಲಿ ಸಣ್ಣಕ್ಷರದಲ್ಲಿ ಹಾಗೆಂದು ಅಚ್ಚೂ ಇರುತ್ತದೆ. ಆ ಹೆಸರಿನ ಮೂಲ ‘ಗ್ರಿಲಮಿಡ್ ಟಿಆರ್ 90’ ಎಂಬ ಪಾರದರ್ಶಕ ಪಾಲಿಅಮೈಡ್. ಅದನ್ನು ರೂಪಿಸಿದ್ದು ಎಮ್ಸ್-ಕೆಮಿ, ಅಂದರೆ ಇದೇ ಕಾರ್ಖಾನೆ. ಈಗ ಮಾರುಕಟ್ಟೆಯಲ್ಲಿ ಆ ಹೆಸರನ್ನು ಯಾರ್‍ಯಾರೋ ಬಳಸುತ್ತಾರೆ, ಆ ಮಾತು ಬೇರೆ. ಮೂಗಿನ ಮೇಲಿನ ವಸ್ತುವಿನ ತವರು ಗೊತ್ತಾದ ಮೇಲೆ ಅದರ ಒಡತಿ ಯಾರೆಂದು ಹುಡುಕದೆ ಇರಲಾಗಲಿಲ್ಲ. ಸಿಕ್ಕ ಹೆಸರು ಮಗ್ದಲೇನಾ ಮಾರ್ತುಲ್ಲೊ-ಬ್ಲೋಕರ್. ಕಂಪನಿಯ ಮುಖ್ಯಸ್ಥೆ, ಜೊತೆಗೆ ಸ್ವಿಸ್ ಸಂಸತ್ತಿನ ಸದಸ್ಯೆ.

ಡೊಮಾಟ್-ಎಮ್ಸ್ ಊರಿನ ತುಂಬ ‘ತುಮಾ’ ಎಂದು ಕರೆಯುವ ಪುಟ್ಟ ಗುಡ್ಡಗಳಿವೆ. ಸಾವಿರಾರು ವರ್ಷಗಳ ಹಿಂದೆ ಬೆಟ್ಟ ಕುಸಿದಾಗ ಉಳಿದ ಬಂಡೆರಾಶಿಗಳವು. ಅಂಥ ಒಂದು ಗುಡ್ಡದ ನೆತ್ತಿಯಲ್ಲಿ ಸಂತ ಯೋಹಾನನ ಚರ್ಚ್ ಇದೆ. ಮೆಟ್ಟಿಲು ಹತ್ತಿ ನಿಂತು ನೋಡಿದರೆ ಒಂದು ಕಡೆ ಓಣಿಗಳು, ಹುಲ್ಲುಗಾವಲು. ಇನ್ನೊಂದು ಕಡೆ ರೈನ್ ನದಿಗೆ ಸಮಾನಾಂತರವಾಗಿ ಚಾಚಿಕೊಂಡ ಕಾರ್ಖಾನೆಯ ಶೆಡ್‌ಗಳು, ಟ್ಯಾಂಕ್‌ಗಳು, ಕೊಳವೆಗಳು. ಇಷ್ಟು ದೊಡ್ಡ ರಾಸಾಯನಿಕ ಉದ್ದಿಮೆ ಬಾಸೆಲ್‌ನಂಥ ಬಂದರು ನಗರ ಬಿಟ್ಟು ಈ ಬೆಟ್ಟದ ಸಂದಿಗೆ ಏಕೆ ಬಂತು?

ಉತ್ತರ ಸುತ್ತಲಿನ ಕಾಡಿನಲ್ಲಿದೆ, ಅದರ ಕಥೆ ಸ್ವಲ್ಪ ಉದ್ದ. 1936ರಲ್ಲಿ ವೆರ್ನರ್ ಓಸ್ವಾಲ್ಡ್ ಎಂಬ ಉದ್ಯಮಿ ಸ್ಥಾಪಿಸಿದ, ಮುಂದೆ ಇಲ್ಲಿ ಕಾರ್ಖಾನೆ ಹೂಡಿದ ಕಂಪನಿಯ ಕಸುಬೇ ಮರದಿಂದ ಸಕ್ಕರೆ ತೆಗೆಯುವುದು. ಸಣ್ಣ ಚಕ್ಕೆ ಮಾಡಿದ ಮರವನ್ನು ಎತ್ತರದ ಪಾತ್ರೆಗಳಲ್ಲಿ ತುಂಬಿ, ಒತ್ತಡದಲ್ಲಿ ಬಿಸಿಯಾದ ತೆಳು ಗಂಧಕಾಮ್ಲವನ್ನು ಅದರ ಮೂಲಕ ಹಾಯಿಸಿದರೆ ಸೆಲ್ಯುಲೋಸ್ ಒಡೆದು ಸಕ್ಕರೆಯ ದ್ರಾವಣವಾಗುತ್ತದೆ. ಅದಕ್ಕೆ ಯೀಸ್ಟ್ ಹಾಕಿ ಹುಳಿ ಬರಿಸಿ, ಬಟ್ಟಿ ಇಳಿಸಿದರೆ ಮದ್ಯಸಾರ. ಎರಡನೇ ಮಹಾಯುದ್ಧದಲ್ಲಿ ಸುತ್ತಲ ದೇಶಗಳೆಲ್ಲ ಹೊತ್ತಿ ಉರಿಯುವಾಗ ಪೆಟ್ರೋಲ್ ಸಿಗದ ಸ್ವಿಟ್ಜರ್ಲೆಂಡ್ ಈ ಮದ್ಯಸಾರವನ್ನೇ ಬೆರೆಸಿ ವಾಹನ ಓಡಿಸಿತು. ಜನ ಅದಕ್ಕೆ ‘ಎಮ್ಸ್ ನೀರು’ ಎಂದು ಹೆಸರಿಟ್ಟರು. ಮಂಡ್ಯ, ಬೆಳಗಾವಿಯ ಕಬ್ಬಿನ ಎಥೆನಾಲ್ ಇಂದು ನಮ್ಮ ಪೆಟ್ರೋಲ್‌ಗೆ ಸೇರುತ್ತಿರುವ ಹಾಗೆಯೇ ಅದು. ಅವರಿಗೆ ಕಬ್ಬಿರಲಿಲ್ಲ, ಮರವಿತ್ತು. ಕಾಡು ಬಿಟ್ಟರೆ ಹೆಚ್ಚಿನ ಆಸ್ತಿಯಿಲ್ಲದ ಬಡ ಕ್ಯಾಂಟನ್‌ಗೆ ಇದರಿಂದ ಕೂಲಿಯೂ ಸಿಕ್ಕಿತು, ಸೌದೆಗೆ ಗಿರಾಕಿಯೂ ಸಿಕ್ಕಿತು.

ಯುದ್ಧ ಮುಗಿಯಿತು, ಅಗ್ಗದ ತೈಲ ಬಂತು. ಸರ್ಕಾರದ ಆಸರೆಯಿಲ್ಲದೆ ಮರದ ಮದ್ಯಸಾರ ನಿಲ್ಲುವಂತಿರಲಿಲ್ಲ. ನೆರವು ಮುಂದುವರಿಯಬೇಕೇ ಎಂಬ ಪ್ರಶ್ನೆ 1956ರ ಮೇ 13ರಂದು ಜನಮತಕ್ಕೆ ಹೋದಾಗ ಜನ ಬೇಡವೆಂದರು. ಕಾರ್ಖಾನೆಯ ಬಾಗಿಲು ಮುಚ್ಚಬೇಕಾದ ಘಳಿಗೆ ಅದು. ಆದರೆ ಓಸ್ವಾಲ್ಡ್ ಆ ಹೊತ್ತಿಗಾಗಲೇ ನೈಲಾನ್ ಬಗೆಯ ‘ಗ್ರಿಲೋನ್’ ನೂಲಿನ ಕೆಲಸ ಹಿಡಿದಿದ್ದರು, ಅದೇ ಕೈ ಹಿಡಿಯಿತು. ಅದೇ ದಶಕದಲ್ಲಿ ಇಲ್ಲಿ ‘ಓಪಾಲ್ಮ್’ ಎಂಬ ನಾಪಾಮ್ ಬಗೆಯ ಬೆಂಕಿಯಸ್ತ್ರವೂ ತಯಾರಾಗಿತ್ತೆಂಬ ಕಹಿ ಸಂಗತಿಯನ್ನು ಇತಿಹಾಸಕಾರ್ತಿ ರೆಗುಲಾ ಬೋಕ್ಸ್‌ಲರ್ 2022ರ ತಮ್ಮ ಪುಸ್ತಕದಲ್ಲಿ ವಿವರವಾಗಿ ಹೊರತಂದಿದ್ದಾರೆ. ಕಾರ್ಖಾನೆಯನ್ನು ಮೆಚ್ಚುವ ನನ್ನಂಥವರು ಆ ಅಧ್ಯಾಯವನ್ನೂ ಓದಿಯೇ ಮೆಚ್ಚಬೇಕು.

ಬ್ಲೋಕರ್ ಮನೆತನ ಇಲ್ಲಿಗೆ ಕಾಲಿಟ್ಟದ್ದು 1969ರಲ್ಲಿ. ಪಾದ್ರಿಯ ಮಗ, ಕಾನೂನು ಓದಿದ ಕ್ರಿಸ್ಟೋಫ್ ಬ್ಲೋಕರ್ ಆ ವರ್ಷ ಕಂಪನಿ ಸೇರಿದರು; ಅದೇ ವರ್ಷದ ಆಗಸ್ಟ್‌ನಲ್ಲಿ ಹಿರಿಯ ಮಗಳು ಮಗ್ದಲೇನಾ ಹುಟ್ಟಿದರು. ಓಸ್ವಾಲ್ಡ್ ತೀರಿಕೊಂಡ ಮೇಲೆ, 1983ರಲ್ಲಿ, ಅವರ ಮನೆಯವರಿಂದ ಕಂಪನಿಯ ಬಹುಪಾಲನ್ನು ಬ್ಲೋಕರ್ ಕೊಂಡರು. ಸ್ವಿಸ್ ಪೀಪಲ್ಸ್ ಪಾರ್ಟಿಯನ್ನು ರೈತರ ಪಕ್ಷದಿಂದ ದೇಶದ ಅತಿ ದೊಡ್ಡ ಪಕ್ಷವಾಗಿಸಿದ, 1992ರಲ್ಲಿ ಯುರೋಪಿನ ಆರ್ಥಿಕ ವಲಯಕ್ಕೆ ಸೇರುವುದನ್ನು ಜನಮತದಲ್ಲಿ ತಡೆದ ನಾಯಕ ಇವರೇ.

ಮಗಳು ಹುಟ್ಟಿದಾಗ ಅವಳ ತಾಯಿಗೆ ರಾಷ್ಟ್ರಮಟ್ಟದಲ್ಲಿ ಮತ ಹಾಕುವ ಹಕ್ಕಿರಲಿಲ್ಲ. ಸ್ವಿಸ್ ಹೆಂಗಸರಿಗೆ ಅದು ದಕ್ಕಿದ್ದು 1971ರ ಫೆಬ್ರುವರಿ 7ರಂದು, ಅದೂ ಗಂಡಸರೇ ಮತ ಹಾಕಿ ಒಪ್ಪಿದ ಮೇಲೆ. 1985ರಲ್ಲಿ ಗಂಡಹೆಂಡಿರಿಗೆ ಸಮಾನ ಸ್ಥಾನ ಕೊಡುವ ಹೊಸ ವಿವಾಹ ಕಾನೂನು ಜನಮತಕ್ಕೆ ಬಂದಾಗ ಅದರ ವಿರುದ್ಧ ನಿಂತ ಬಣದ ಮುಂದಾಳು ಇದೇ ಕ್ರಿಸ್ಟೋಫ್ ಬ್ಲೋಕರ್; ಜನ ಕಾನೂನನ್ನು ಒಪ್ಪಿದರು. ಆದರೂ ತಮ್ಮ ಕಾರ್ಖಾನೆಯ ಚುಕ್ಕಾಣಿ ಕೊಡುವ ಕಾಲ ಬಂದಾಗ ಅವರು ಕೊಟ್ಟದ್ದು ಮಗಳ ಕೈಗೆ. 2003ರ ಡಿಸೆಂಬರ್ 10ರಂದು ಬ್ಲೋಕರ್ ಏಳು ಮಂದಿಯ ಕೇಂದ್ರ ಸರ್ಕಾರಕ್ಕೆ ಆಯ್ಕೆಯಾದರು. ಆ ಹುದ್ದೆಯಲ್ಲಿರುವವರು ವ್ಯಾಪಾರ ನಡೆಸುವಂತಿಲ್ಲ. ಪಾಲನ್ನು ನಾಲ್ವರು ಮಕ್ಕಳಿಗೆ ಒಪ್ಪಿಸಿದರು. ಸೇಂಟ್ ಗ್ಯಾಲೆನ್‌ನಲ್ಲಿ ವಾಣಿಜ್ಯ ಓದಿ, ಜಾನ್ಸನ್ ಅಂಡ್ ಜಾನ್ಸನ್‌ನಲ್ಲೂ ರಿವೆಲ್ಲಾ ಎಂಬ ಪಾನೀಯದ ಕಂಪನಿಯಲ್ಲೂ ದುಡಿದು, 2001ರಲ್ಲಿ ಎಮ್ಸ್ ಸೇರಿದ್ದ ಮಗ್ದಲೇನಾ 34ನೇ ವಯಸ್ಸಿಗೆ ಮುಖ್ಯಸ್ಥೆಯಾದರು.

ವಾರಸುದಾರಿಕೆಯಿಂದ ಬಂದ ಕುರ್ಚಿ ಎಂದು ಮೂಗು ಮುರಿಯುವುದು ಸುಲಭ. ನನಗೂ ಆ ಬಗೆಯ ಕುರ್ಚಿಗಳ ಮೇಲೆ ಪ್ರೀತಿಯಿಲ್ಲ. ಆದರೆ ಲೆಕ್ಕಪತ್ರ ಆಕೆಯ ಪರವಾಗಿದೆ. ಲೋಹದ ಜಾಗದಲ್ಲಿ ಕೂರಬಲ್ಲ ಗಟ್ಟಿ ಪ್ಲಾಸ್ಟಿಕ್‌ಗಳ ಮೇಲೆ, ಮುಖ್ಯವಾಗಿ ಕಾರಿನ ಭಾಗಗಳ ಮೇಲೆ, ಕಂಪನಿ ಗಮನ ಇಟ್ಟಿತು. ತಯಾರಾದದ್ದರಲ್ಲಿ ಬಹುಪಾಲು ಮಾರಾಟ ವಿದೇಶದಲ್ಲೇ. 2015ರ ಜನವರಿ 15ರಂದು ಸ್ವಿಸ್ ಕೇಂದ್ರ ಬ್ಯಾಂಕ್ ಯೂರೋ ಎದುರಿನ ಫ್ರಾಂಕ್‌ನ ಕಟ್ಟುಪಾಡು ಸಡಿಲಿಸಿ, ಫ್ರಾಂಕ್ ದಿಢೀರ್ ಏರಿ ರಫ್ತುದಾರರು ತತ್ತರಿಸಿದಾಗಲೂ ಎಮ್ಸ್ ನೆಲ ಕಚ್ಚಲಿಲ್ಲ. 2022ರ ಹೊತ್ತಿಗೆ ವಾರ್ಷಿಕ ವಹಿವಾಟು 200 ಕೋಟಿ ಫ್ರಾಂಕ್ ದಾಟಿತ್ತು. ಮೂರು ಮಕ್ಕಳ ತಾಯಿ ಇಷ್ಟನ್ನು ನಡೆಸಿದ್ದು ಬರೀ ಅಪ್ಪನ ಹೆಸರಿನ ಬಲದಿಂದ ಅಂದರೆ ನಾನು ಒಪ್ಪುವುದಿಲ್ಲ.

2015ರ ಅಕ್ಟೋಬರ್‌ನಲ್ಲಿ ಆಕೆ ಅಪ್ಪನ ಪಕ್ಷದಿಂದಲೇ ಸಂಸತ್ತಿನ ಕೆಳಮನೆಯಾದ ರಾಷ್ಟ್ರೀಯ ಪರಿಷತ್ತಿಗೆ ನಿಂತು ಗೆದ್ದರು. ಮನೆ ಇದ್ದದ್ದು ಜ್ಯೂರಿಕ್ ಸರೋವರದ ದಡದ ಮೈಲೆನ್‌ನಲ್ಲಿ, ನಿಂತದ್ದು ಕಾರ್ಖಾನೆಯಿರುವ ಗ್ರೌಬ್ಯುಂಡೆನ್‌ನಿಂದ. ಹೊರಗಿನವರು ಎಂಬ ಟೀಕೆ ಜೋರಾಗಿಯೇ ಕೇಳಿಬಂತು. ಮತದಾರರು ಅದಕ್ಕೆ ಸೊಪ್ಪು ಹಾಕಲಿಲ್ಲ. 2019ರಲ್ಲಿ ಆಕೆಯ ಪಕ್ಷ ಕ್ಯಾಂಟನ್‌ನಲ್ಲಿದ್ದ ತನ್ನ ಎರಡು ಸ್ಥಾನಗಳಲ್ಲಿ ಒಂದನ್ನು ಕಳೆದುಕೊಂಡಾಗಲೂ ಉಳಿದ ಸ್ಥಾನ ಆಕೆಯದೇ ಆಗಿತ್ತು, 2023ರಲ್ಲೂ ಗೆದ್ದರು. ಪಕ್ಷದ ಉಪಾಧ್ಯಕ್ಷೆಯಾದದ್ದು 2018ರಲ್ಲಿ. ಇನ್ನೊಂದು ಮಾತು: 2007ರಲ್ಲಿ ಕ್ರಿಸ್ಟೋಫ್ ಬ್ಲೋಕರ್ ಮರು ಆಯ್ಕೆಯಾಗದಂತೆ ಅವರ ಜಾಗಕ್ಕೆ ಸಂಸತ್ತು ಆರಿಸಿದ್ದು ಎವೆಲಿನ್ ವಿಡ್ಮರ್-ಶ್ಲುಂಫ್ ಅವರನ್ನು. ಆಕೆಯ ಊರು ಫೆಲ್ಸ್‌ಬೆರ್ಗ್, ಎಮ್ಸ್‌ಗೆ ಹಿಂದಿನ ನಿಲ್ದಾಣ.

ಸಂಸತ್ತಿನಲ್ಲಿ ಮಗ್ದಲೇನಾ ಅವರನ್ನು ಜಗತ್ತು ಗುರುತಿಸಿದ್ದು 2020ರ ಮಾರ್ಚ್ 2ರಂದು. ಕೊರೊನಾ ಇಟಲಿಯ ಗಡಿ ದಾಟಿ ಬರುತ್ತಿದ್ದ ದಿನಗಳು. ಚೀನಾದಲ್ಲೂ ಘಟಕವಿರುವ ಕಂಪನಿಯ ಮುಖ್ಯಸ್ಥೆ ಮುಖಕ್ಕೆ ಮಾಸ್ಕ್ ಹಾಕಿಕೊಂಡು ಸಭೆಗೆ ಬಂದರು. ತೆಗೆಯಿರಿ, ಇಲ್ಲವೇ ಹೊರಡಿ ಎಂದು ಸಭಾಧ್ಯಕ್ಷೆ ಇಸಬೆಲ್ ಮೊರೆ ಸೂಚಿಸಿದರು. ಮಾಸ್ಕ್ ತೆಗೆಯದೆ ಆಕೆ ಸಭಾಂಗಣ ಬಿಟ್ಟರು. ಎರಡು ವಾರ ಕಳೆಯುವಷ್ಟರಲ್ಲಿ ಅಧಿವೇಶನವೇ ಅರ್ಧಕ್ಕೆ ನಿಂತಿತು, ಮುಂದೆ ಅದೇ ಸಂಸತ್ತಿನಲ್ಲಿ ಮಾಸ್ಕ್ ಕಡ್ಡಾಯವಾಯಿತು. ಆಕೆಯ ರಾಜಕೀಯದ ಜೊತೆ ನನಗೆ ಜಗಳವಿದೆ, ಆದರೆ ಅಂದು ಆಕೆ ಸರಿಯಾಗಿದ್ದರು. ಕಾರ್ಖಾನೆ ನಡೆಸುವವರಿಗೆ ಅಪಾಯ ಬಾಗಿಲು ತಟ್ಟುವ ಮೊದಲೇ ಲೆಕ್ಕ ಹಾಕುವ ರೂಢಿ ಇರುತ್ತದೆ.

ಜಗಳ ಎಲ್ಲಿ ಎಂದರೆ, ಸ್ವಿಸ್ ಸಂಸದರಿಗೆ ಸಂಸತ್ತು ಪೂರ್ಣಾವಧಿ ಕೆಲಸವಲ್ಲ. ವರ್ಷಕ್ಕೆ ನಾಲ್ಕು ಅಧಿವೇಶನ, ಒಂದೊಂದೂ ಮೂರು ವಾರ. ಉಳಿದಂತೆ ರೈತ ಹೊಲಕ್ಕೆ, ವಕೀಲ ಕೋರ್ಟಿಗೆ. ಶಾಸಕ ನೆಲದ ಮೇಲೆ ನಿಂತಿರಬೇಕೆಂಬ ಆ ಆಲೋಚನೆ ನನಗೆ ತುಂಬ ಇಷ್ಟ. ಆದರೆ ರೈತನ ಹೊಲಕ್ಕೂ ನೂರಾರು ಕೋಟಿಯ ಉದ್ದಿಮೆಗೂ ಅಂತರವಿದೆ. ಯುರೋಪಿನ ಜೊತೆಗಿನ ಒಪ್ಪಂದ, ವಿದ್ಯುತ್ ದರ, ತೆರಿಗೆ ಕುರಿತು ಮತ ಹಾಕುವ ಕೈಯೇ ಅವುಗಳಿಂದ ಲಾಭನಷ್ಟ ಅನುಭವಿಸುವ ಕಂಪನಿಯನ್ನೂ ನಡೆಸುತ್ತದೆ. ಇದು ಅಲ್ಲಿನ ಕಾನೂನಿಗೆ ಸಮ್ಮತ, ಯಾರಿಂದಲೂ ಮುಚ್ಚಿಟ್ಟದ್ದೂ ಅಲ್ಲ. ಹಾಗೆಂದು ಪ್ರಶ್ನೆ ಕೇಳುವುದು ತಪ್ಪಲ್ಲ.

ಸರ್ಕಾರ ಉದ್ದಿಮೆಯ ದಾರಿಯಿಂದ ಪಕ್ಕಕ್ಕೆ ಸರಿಯಬೇಕು ಎಂಬುದು ಆಕೆಯ ನಿಲುವಿನ ತಿರುಳು. ಎಮ್ಸ್‌ನ ಕಥೆಯ ಎರಡನೇ ಅರ್ಧ ಆ ಮಾತಿಗೆ ಪುರಾವೆ: ನೆರವು ನಿಂತ ಮೇಲೇ ಕಾರ್ಖಾನೆ ಸ್ವಂತ ಕಾಲ ಮೇಲೆ ನಿಂತು ಬೆಳೆಯಿತು. ಮೊದಲ ಅರ್ಧ ಬೇರೆಯೇ ಹೇಳುತ್ತದೆ: ಸರ್ಕಾರ ಎಮ್ಸ್‌ನ ಮದ್ಯಸಾರಕ್ಕೆ ಆಸರೆ ಕೊಡದೆ ಇದ್ದಿದ್ದರೆ 1956ರಲ್ಲಿ ನೂಲಿನತ್ತ ತಿರುಗಲು ಅಲ್ಲೊಂದು ಕಾರ್ಖಾನೆಯೇ ಉಳಿದಿರುತ್ತಿರಲಿಲ್ಲ. ಮಗ್ದಲೇನಾ ಮಾರ್ತುಲ್ಲೊ-ಬ್ಲೋಕರ್ ಅವರಂಥ ಸಮರ್ಥೆ ತಮ್ಮ ಕಾರ್ಖಾನೆಯ ಎರಡೂ ಅರ್ಧಗಳನ್ನು ಮುಂದಿಟ್ಟುಕೊಂಡು ವಾದಿಸಬೇಕು. ಹಾಗೆ ವಾದಿಸಿದರೆ ಆ ಮಾತಿಗೆ ಸ್ವಿಟ್ಜರ್ಲೆಂಡಿನಾಚೆಗೂ, ಎಥೆನಾಲ್‌ಗೆ ಬೆಂಬಲ ಕೇಳುತ್ತಿರುವ ನಮ್ಮ ಕಬ್ಬಿನ ಸೀಮೆಯಲ್ಲೂ, ಕಿವಿಗೊಡುವವರು ಸಿಗುತ್ತಾರೆ.