ಜೇಬಿನ ಫೋನು ಹೆಜ್ಜೆ ಎಣಿಸುವ ಬಗೆ

ಮೊಬೈಲ್ ಫೋನಿನ ಚಲನೆಯನ್ನು ಲೆಕ್ಕ ಹಾಕುವ ಕೆಲಸದ ಬಹುಪಾಲು ಪರದೆಯ ಮೇಲೆ ಕಾಣುವ ಆ್ಯಪ್‌ನದಲ್ಲ, ಒಳಗೆ ಅಡಗಿರುವ ಲೈಬ್ರರಿ ಫೈಲ್‌ಗಳದು. ಹತ್ತಾರು ಆ್ಯಪ್‌ಗಳಿಗೆ ಬೇಕಾಗುವ ಒಂದೇ ಲೆಕ್ಕವನ್ನು ಒಂದು ಕಡೆ ಬರೆದಿಟ್ಟು, ಬೇಕಾದಾಗ ಎಲ್ಲವೂ ಬಳಸಿಕೊಳ್ಳುವಂತೆ ಮಾಡಿದ ತಂತ್ರಾಂಶವೇ ಲೈಬ್ರರಿ. ಆಂಡ್ರಾಯ್ಡ್‌ನಲ್ಲಿ ಇಂಥ ಫೈಲ್‌ಗಳ ಹೆಸರು ‘.ಎಸ್ಒ’ ಎಂದು ಮುಗಿಯುತ್ತದೆ, ವಿಂಡೋಸ್‌ನಲ್ಲಿ ‘.ಡಿಎಲ್ಎಲ್’ ಎಂದು. ಐಫೋನಿನಲ್ಲಿ ಈ ಹೊಣೆ ಕೋರ್ ಮೋಷನ್ ಎಂಬುದರದು.

ಲೈಬ್ರರಿಗೆ ಬಂದು ಸೇರುವುದು ಬರೀ ಅಂಕಿಗಳು. ಅಕ್ಸೆಲೆರೋಮೀಟರ್ ಚಿಪ್‌ನೊಳಗೆ ಸಿಲಿಕಾನ್‌ನ ಪುಟ್ಟ ತುಂಡೊಂದು ಸ್ಪ್ರಿಂಗಿನಂಥ ಎಳೆಗಳ ಮೇಲೆ ನಿಂತಿರುತ್ತದೆ. ಫೋನು ಅಲುಗಿದರೆ ಅದು ಕಣ್ಣಿಗೆ ಕಾಣದಷ್ಟು ಸರಿಯುತ್ತದೆ, ಸರಿದಷ್ಟು ವಿದ್ಯುತ್ ಧಾರಕತೆ ಬದಲಾಗುತ್ತದೆ. ಮೂರು ದಿಕ್ಕುಗಳ ಈ ಬದಲಾವಣೆ ಸೆಕೆಂಡಿಗೆ 50 ಅಥವಾ 100 ಸಲ ಅಂಕಿಯಾಗಿ ಹೊರಬರುತ್ತದೆ.

ಮೊದಲ ತೊಡಕು ಗುರುತ್ವ. ಮೈಸೂರಿನ ಉದಯಗಿರಿಯ ಮನೆಯೊಂದರಲ್ಲಿ ಮೇಜಿನ ಮೇಲೆ ಸುಮ್ಮನೆ ಬಿದ್ದಿರುವ ಫೋನು ಕೂಡ ಸೊನ್ನೆ ತೋರಿಸುವುದಿಲ್ಲ. ಚಿಪ್ ನಿಖರವಾಗಿದ್ದರೆ ಅಲ್ಲಿ ಕಾಣುವ ಅಂಕಿ, ಸೆಕೆಂಡ್ ವರ್ಗಕ್ಕೆ ಇಷ್ಟು ಮೀಟರ್ ಎಂಬ ಮಾನದಲ್ಲಿ, ಸುಮಾರು 9.78. ಆಂಡ್ರಾಯ್ಡ್‌ನಲ್ಲಿ ಬರೆದಿಟ್ಟಿರುವ ಮಾನಕ ಗುರುತ್ವ ಮಾತ್ರ 9.80665. ಮೈಸೂರು ಸಮಭಾಜಕಕ್ಕೆ ಹತ್ತಿರ, ಸಮುದ್ರಮಟ್ಟದಿಂದ ಸುಮಾರು 750 ಮೀಟರ್ ಎತ್ತರ. ಆದ್ದರಿಂದ ಇಲ್ಲಿ ಸೆಳೆತ ತುಸು ಕಡಿಮೆ. ಅಗ್ಗದ ಚಿಪ್‌ಗಳ ತಪ್ಪೇ ಇದಕ್ಕಿಂತ ದೊಡ್ಡದಾಗಿರುವುದು ಸಾಮಾನ್ಯವಾದ್ದರಿಂದ ಲೈಬ್ರರಿ ಈ ವ್ಯತ್ಯಾಸಕ್ಕೆ ತಲೆ ಕೆಡಿಸಿಕೊಳ್ಳುವುದಿಲ್ಲ.

ಆ ತಪ್ಪು ಎಷ್ಟು ದುಬಾರಿ ಎಂಬುದಕ್ಕೆ ಒಂದು ಲೆಕ್ಕ ಸಾಕು. ವೇಗೋತ್ಕರ್ಷದಿಂದ ವೇಗ, ವೇಗದಿಂದ ದೂರ ಎಂದು ಶಾಲೆಯ ಸೂತ್ರದಂತೆ ಹೊರಟರೆ, ಗುರುತ್ವದ ನೂರನೇ ಒಂದು ಭಾಗದಷ್ಟು ತಪ್ಪಿಗೆ ಒಂದೇ ನಿಮಿಷದಲ್ಲಿ ಮೇಜಿನ ಮೇಲಿನ ಫೋನು ಸುಮಾರು 180 ಮೀಟರ್ ಸರಿದಿದೆ ಎಂಬ ಉತ್ತರ ಬರುತ್ತದೆ. ಹಾಗಾಗಿ ಜಾಣ ಲೈಬ್ರರಿಗಳು ಆ ದಾರಿಯನ್ನು ತುಳಿಯುವುದೇ ಇಲ್ಲ.

ಬದಲಿಗೆ ಹಲವು ಸಂವೇದಕಗಳ ಸಾಕ್ಷ್ಯ ಬೆಸೆಯುತ್ತವೆ. ಗೈರೋಸ್ಕೋಪ್ ತಿರುಗುವಿಕೆಯನ್ನು ನುಣುಪಾಗಿ ಹೇಳುತ್ತದೆ, ಆದರೆ ಹೊತ್ತು ಕಳೆದಂತೆ ದಾರಿ ತಪ್ಪುತ್ತದೆ. ಅಕ್ಸೆಲೆರೋಮೀಟರ್ ಕ್ಷಣಕ್ಷಣಕ್ಕೂ ಗಲಿಬಿಲಿ ಮಾಡುತ್ತದೆ, ಆದರೆ ಕೆಳಗೆ ಯಾವುದು ಎಂಬುದನ್ನು ಮರೆಯುವುದಿಲ್ಲ. ಸರಳ ವಿಧಾನವೊಂದರಲ್ಲಿ ಮೊದಲಿನದಕ್ಕೆ 98 ಪಾಲು, ಎರಡನೆಯದಕ್ಕೆ 2 ಪಾಲು ಬೆಲೆ ಕೊಟ್ಟು ಫೋನಿನ ಓರೆಯನ್ನು ನಿರ್ಧರಿಸುತ್ತಾರೆ. ಆಂಡ್ರಾಯ್ಡ್ ಬಳಸುವುದು ರುಡಾಲ್ಫ್ ಕಾಲ್ಮನ್ 1960ರಲ್ಲಿ ಪ್ರಕಟಿಸಿದ ಸೋಸುವ ಗಣಿತದ ವಿಸ್ತರಿತ ರೂಪವನ್ನು. ದಿಕ್ಸೂಚಿಯ ಅಂಕಿಗಳೂ ಅದರಲ್ಲಿ ಸೇರುತ್ತವೆ.

ಹೆಜ್ಜೆ ಎಣಿಕೆ ಇದಕ್ಕಿಂತ ಸುಲಭ. ಮೂರು ದಿಕ್ಕಿನ ಅಂಕಿಗಳ ವರ್ಗಗಳನ್ನು ಕೂಡಿಸಿ ವರ್ಗಮೂಲ ತೆಗೆದರೆ ಫೋನು ಜೇಬಿನಲ್ಲಿ ತಲೆಕೆಳಗಾಗಿದ್ದರೂ ಚಿಂತೆಯಿಲ್ಲ. ನಡೆಯುವವರು ಸೆಕೆಂಡಿಗೆ ಹೆಚ್ಚುಕಡಿಮೆ ಎರಡು ಹೆಜ್ಜೆ ಇಡುತ್ತಾರೆ, ಪ್ರತಿ ಹೆಜ್ಜೆಗೂ ಅಂಕಿಗಳಲ್ಲಿ ಒಂದು ಏರು. ಅತಿ ಹತ್ತಿರದ ಏರುಗಳನ್ನು ಬಿಟ್ಟು ಲಯಬದ್ಧವಾದವನ್ನು ಎಣಿಸಬೇಕು. ಉದಯಗಿರಿಯಿಂದ ಆಟೊ ಹತ್ತಿದಾಗ ಆಗುವ ಕುಲುಕಾಟ ಹೆಜ್ಜೆಯಾಗದಂತೆ ಕೆಲವು ಸತತ ಏರುಗಳು ಕಾಣುವವರೆಗೆ ಲೈಬ್ರರಿ ಕಾಯುತ್ತದೆ. ಆಂಡ್ರಾಯ್ಡ್‌ನ ಹೆಜ್ಜೆ ಎಣಿಕೆ 10 ಸೆಕೆಂಡಿನವರೆಗೆ ತಡವಾಗಬಹುದು ಎಂದು ನಿಯಮವೇ ಒಪ್ಪಿದೆ.

ಕುಲುಕಾಟವನ್ನೇ ಮಾಹಿತಿ ಮಾಡಿಕೊಂಡ ಪ್ರಯತ್ನ ಕರ್ನಾಟಕದಲ್ಲೇ ನಡೆದಿದೆ. ಬೆಂಗಳೂರಿನ ಮೈಕ್ರೋಸಾಫ್ಟ್ ರಿಸರ್ಚ್ ಇಂಡಿಯಾ ಸಂಸ್ಥೆಯ ಪ್ರಶಾಂತ್ ಮೋಹನ್, ವೆಂಕಟ ಪದ್ಮನಾಭನ್ ಮತ್ತು ರಾಮಚಂದ್ರನ್ ರಾಮ್‌ಜೀ 2008ರಲ್ಲಿ ‘ನೆರಿಸೆಲ್’ ಎಂಬ ವ್ಯವಸ್ಥೆಯನ್ನು ಪ್ರಕಟಿಸಿದರು. ವಾಹನದಲ್ಲಿ ಫೋನು ಹೇಗೇ ಬಿದ್ದಿದ್ದರೂ ಗುರುತ್ವವನ್ನೂ ಬ್ರೇಕ್ ಒತ್ತಿದ ಕ್ಷಣವನ್ನೂ ಹಿಡಿದು ಮೇಲೆ ಯಾವುದು, ಮುಂದೆ ಯಾವುದು ಎಂದು ಗಣಿತದಿಂದಲೇ ಸರಿಪಡಿಸುವುದು ಅದರ ಜಾಣ್ಮೆ. ಹಂಪ್ ಮತ್ತು ಗುಂಡಿ ಗುರುತಿಸಲು ವೇಗಕ್ಕೆ ತಕ್ಕಂತೆ ಎರಡು ಬೇರೆ ಪರೀಕ್ಷೆಗಳಿದ್ದವು: ವೇಗವಾಗಿ ಓಡುವಾಗ ಅಂಕಿಯ ಚೂಪಾದ ಏರು, ನಿಧಾನವಾಗಿ ಸಾಗುವಾಗ ತುಸು ಹೊತ್ತು ನಿಲ್ಲುವ ಇಳಿತ. ಮೈಸೂರಿನ ಬಡಾವಣೆಗಳ ರಸ್ತೆಗಳಿಗೂ ಇದೇ ಲೆಕ್ಕ ನಡೆಯುತ್ತದೆ.

ಇಷ್ಟೆಲ್ಲ ಹೇಳಬಲ್ಲ ಅಂಕಿಗಳು ಯಾರ ಕೈಗೆ ಸಿಗುತ್ತವೆ ಎಂಬುದು ಇನ್ನೊಂದು ಪ್ರಶ್ನೆ. ಹೆಜ್ಜೆಗಳ ಎಣಿಕೆ ಪಡೆಯಲು 2019ರ ಆಂಡ್ರಾಯ್ಡ್ 10ರಿಂದ ಆ್ಯಪ್‌ಗಳು ಬಳಕೆದಾರರ ಅನುಮತಿ ಕೇಳಲೇಬೇಕು. ಅದೇ ಹೆಜ್ಜೆಗಳು ಹುಟ್ಟುವ ಅಕ್ಸೆಲೆರೋಮೀಟರ್‌ನ ಕಚ್ಚಾ ಅಂಕಿಗಳಿಗೆ ಅಂಥ ಅನುಮತಿ ಬೇಕಿಲ್ಲ. ಇದು ಬಾಗಿಲಿಗೆ ಬೀಗ ಹಾಕಿ ಕಿಟಕಿ ತೆರೆದಿಟ್ಟಂಥ ನಿಯಮ.